ಪಹಣಿಯಲ್ಲಿ ತಾತ ಇನ್ನೂ ರಾಗಿ ಬಿತ್ತುತ್ತಿದ್ದಾರೆ

2024ರಲ್ಲಿ ಕೋಲಾರ ಜಿಲ್ಲೆಯ ನಮ್ಮೂರಿಗೆ ಗ್ರಾಮ ಆಡಳಿತಾಧಿಕಾರಿ ಬಂದರು. ವಿಲೇಜ್ ಅಕೌಂಟೆಂಟ್ ಅಂತಿದ್ದ ಹುದ್ದೆಯ ಹೆಸರು ಬದಲಾದರೂ ಊರಲ್ಲಿ ಅವರು ಇನ್ನೂ ವಿ.ಎ. ಸಾಹೇಬ್ರೇ. ಎಪ್ಪತ್ತು ದಾಟಿದವರ ಬಾಯಲ್ಲಿ ಶಾನುಭೋಗ್ರು. ಪಹಣಿಗೆ, ಅಂದರೆ ಜಮೀನು ಯಾರದು ಅಂತ ಹೇಳುವ ದಾಖಲೆಗೆ, ಆಧಾರ್ ಜೋಡಿಸುವ ಕೆಲಸಕ್ಕೆ ಮನೆಮನೆ ಸುತ್ತುತ್ತಿದ್ದರು. ನಮ್ಮ ಜಗಲಿ ಮೇಲೆ ಕೂತು, ಫೋನಿನಲ್ಲಿ ಒಂದು ಹೆಸರು ಓದಿ, 'ಇವರ ಆಧಾರ್ ಕಾರ್ಡ್ ತನ್ನಿ' ಅಂದರು.

ಆ ಹೆಸರು ನಮ್ಮ ತಾತನದು. ತಾತ ತೀರಿಕೊಂಡಿದ್ದು 1989ರಲ್ಲಿ. ದೇಶದಲ್ಲಿ ಮೊದಲ ಆಧಾರ್ ಸಂಖ್ಯೆ ಕೊಟ್ಟಿದ್ದು 2010ರಲ್ಲಿ.

ಅಮ್ಮ ಒಳಗಿಂದಲೇ ಕೇಳಿದರು: 'ಗೋಡೆ ಮೇಲೆ ಫೋಟೋ ಐತೆ, ಅದು ಆಗಲ್ವಾ ಸ್ವಾಮಿ?'

ವಿ.ಎ. ನಕ್ಕರು. ಒಳ್ಳೆಯವರೇ. ಫೋನಿನಲ್ಲಿ ಏನೋ ಒತ್ತಿ, ಮಾಲೀಕರು ಇಲ್ಲ ಅಂತ ಗುರುತು ಹಾಕಿಕೊಂಡು ಪಕ್ಕದ ಮನೆಗೆ ಹೋದರು. 35 ವರ್ಷದ ಮೇಲೆ ಕೊನೆಗೂ ಸರ್ಕಾರಕ್ಕೆ ಸುದ್ದಿ ಮುಟ್ಟಿತು ಅಂದುಕೊಂಡೆವು. ಇಲ್ಲ. ಮುಟ್ಟಿದ್ದು ಆಪ್‌ಗೆ. ಪಹಣಿಗೆ ಮುಟ್ಟಬೇಕಾದರೆ ನಾವೇ ಅರ್ಜಿ ಹಾಕಬೇಕು. ತಾತ ಸತ್ತಿದ್ದಾರೆ ಅಂತ ಗುರುತು ಹಾಕಿಕೊಂಡ ಇಲಾಖೆಗೇ ತಾತ ಸತ್ತಿದ್ದಾರೆ ಅಂತ ಸಾಬೀತು ಮಾಡಬೇಕು.

ಇದಕ್ಕೆ ಪೌತಿ ಖಾತೆ ಅಂತಾರೆ. ಪೌತಿ ಅಂದರೆ ಸಾವು. ಜಮೀನಿನ ಮಾಲೀಕರು ಸತ್ತ ಮೇಲೆ ವಾರಸುದಾರರ ಹೆಸರಿಗೆ ಖಾತೆ ಬದಲಾಯಿಸುವುದು. ರಾಜ್ಯದಲ್ಲಿ ಲಕ್ಷಗಟ್ಟಲೆ ಪಹಣಿಗಳು ಇವತ್ತಿಗೂ ತೀರಿಕೊಂಡವರ ಹೆಸರಲ್ಲಿವೆ. ಆಧಾರ್ ಜೋಡಿಸಲು ಹೊರಟಾಗ ಅದು ಎದ್ದು ಕಂಡಿತು. 2025ರಲ್ಲಿ ಸರ್ಕಾರ ಇ-ಪೌತಿ ಅಂತ ಒಂದು ಆಂದೋಲನವನ್ನೇ ಶುರು ಮಾಡಿತು.

'ಅಷ್ಟು ವರ್ಷ ಯಾಕೆ ಬಿಟ್ರಿ?' ಅಂತ ಕಚೇರಿಯಲ್ಲಿ ಎಲ್ಲರೂ ಕೇಳುತ್ತಾರೆ. ಬಿಟ್ಟಿದ್ದು ಯಾಕೆಂದರೆ ಏನೂ ತೊಂದರೆ ಇರಲಿಲ್ಲ. ಜಮೀನು ಎಲ್ಲಿದೆ, ಯಾರು ಉಳುತ್ತಾರೆ ಅಂತ ಊರಿಗೆ ಗೊತ್ತಿತ್ತು. ಕಂದಾಯ ಕಟ್ಟಿದರೆ ತಾತನ ಹೆಸರಲ್ಲೇ ರಸೀದಿ ಬರುತ್ತಿತ್ತು. ತೊಂದರೆ ಬಂದಿದ್ದು ಈಚೆಗೆ. ಪಿಎಂ ಕಿಸಾನ್‌ನ ವರ್ಷಕ್ಕೆ 6,000 ರೂಪಾಯಿ ಬೇಕು ಅಂದರೆ ಪಹಣಿಯಲ್ಲಿ ಹೆಸರಿರಬೇಕು. ರಾಗಿಯನ್ನು ಖರೀದಿ ಕೇಂದ್ರಕ್ಕೆ ಹಾಕಬೇಕು ಅಂದರೆ ಎಫ್‌ಐಡಿ ಅನ್ನುವ ರೈತರ ಗುರುತಿನ ಸಂಖ್ಯೆ ಬೇಕು, ಎಫ್‌ಐಡಿಗೆ ಪಹಣಿ ಬೇಕು. 2024-25ರಲ್ಲಿ ರಾಗಿಗೆ ಬೆಂಬಲ ಬೆಲೆ ಕ್ವಿಂಟಾಲ್‌ಗೆ 4,290 ರೂಪಾಯಿ ಇತ್ತು. ನಮ್ಮ ರಾಗಿಯನ್ನು ಸಂತೆಯಲ್ಲಿ ಕೇಳಿದ ರೇಟಿಗೆ ಕೊಟ್ಟೆವು. ಬೆಳೆ ಸಾಲ, ಬರ ಪರಿಹಾರ, ಎಲ್ಲದರದ್ದೂ ಇದೇ ಕಥೆ. ಬೆಂಗಳೂರು-ಚೆನ್ನೈ ಎಕ್ಸ್‌ಪ್ರೆಸ್‌ವೇ ಮಾಲೂರು, ಬಂಗಾರಪೇಟೆ, ಕೆಜಿಎಫ್ ಕಡೆ ಹಾದುಹೋಗಿದೆ ಅಲ್ವಾ? ಅಂಥ ಕಡೆ ಖಾತೆ ಸರಿ ಇಲ್ಲದವರ ಪಾಡು ಊಹಿಸಿಕೊಳ್ಳಿ. ಜಮೀನು ರಸ್ತೆಗೆ ಹೋಗಿರುತ್ತದೆ, ಪರಿಹಾರದ ನೋಟಿಸು ಸತ್ತವರ ಹೆಸರಿಗೆ ಬಂದಿರುತ್ತದೆ.

ಇನ್ನೊಂದು ಮಾತು ಇಲ್ಲೇ ಹೇಳಿಬಿಡುತ್ತೇನೆ. ಅಪ್ಪ 2022ರಲ್ಲಿ ಹೋದರು. ಅವರಿಗೆ ಬರುತ್ತಿದ್ದ ಸಂಧ್ಯಾ ಸುರಕ್ಷಾ ಪಿಂಚಣಿ ಎರಡೇ ತಿಂಗಳಲ್ಲಿ ನಿಂತಿತು. ರೇಷನ್ ಕಾರ್ಡಿನಿಂದಲೂ ಹೆಸರು ಹೋಯಿತು. ಅದಕ್ಕೆ ನಾವು ಅರ್ಜಿ ಹಾಕಿರಲಿಲ್ಲ, ಅಫಿಡವಿಟ್ ಕೊಟ್ಟಿರಲಿಲ್ಲ, ಯಾರ ಕಾಲೂ ಹಿಡಿದಿರಲಿಲ್ಲ. ಸರ್ಕಾರ ಕೊಡುವ ಕಡೆ ಸಾವಿನ ಸುದ್ದಿ ತಾನಾಗಿಯೇ ಹೋಗುತ್ತದೆ. ನಮಗೆ ಬರಬೇಕಾದ ಕಡೆಗೆ ಮಾತ್ರ ನಾವೇ ಹೊತ್ತುಕೊಂಡು ಹೋಗಿ ಮುಟ್ಟಿಸಬೇಕು.

ಸರಿ, ಹೊರಟೆವು. ಮೊದಲು ಬೇಕಾಗಿದ್ದು ತಾತನ ಮರಣ ಪ್ರಮಾಣಪತ್ರ. 1989ರಲ್ಲಿ ಹಳ್ಳಿಯಲ್ಲಿ ಯಾರು ಸಾವು ಬರೆಸುತ್ತಿದ್ದರು? 1969ರ ಜನನ ಮರಣ ನೋಂದಣಿ ಕಾಯ್ದೆ ಪ್ರಕಾರ 21 ದಿನದೊಳಗೆ ಬರೆಸಬೇಕು. ವರ್ಷ ದಾಟಿದರೆ ಮ್ಯಾಜಿಸ್ಟ್ರೇಟ್ ಆದೇಶ ಬೇಕು. ಮುಂಚೆ ಅದು ಕೋರ್ಟಿನ ಕೆಲಸ. 2023ರ ತಿದ್ದುಪಡಿ ಆದ ಮೇಲೆ ಜಿಲ್ಲಾ ಅಥವಾ ಉಪವಿಭಾಗದ ಮ್ಯಾಜಿಸ್ಟ್ರೇಟ್ ಹತ್ತಿರ ಹೋಗಬೇಕು, ಅಂದರೆ ನಮ್ಮ ಮಟ್ಟಿಗೆ ಎ.ಸಿ. (ಉಪವಿಭಾಗಾಧಿಕಾರಿ) ಕಚೇರಿ. ಆದರೆ ಅಲ್ಲಿಗೆ ಬರಿಗೈಲಿ ಹೋಗುವ ಹಾಗಿಲ್ಲ. ಈ ಸಾವು ನಮ್ಮ ಪುಸ್ತಕದಲ್ಲಿ ಇಲ್ಲ ಅಂತ ನೋಂದಣಿದಾರರಿಂದ ಬರೆಸಿಕೊಂಡು ಹೋಗಬೇಕು. ಅದರ ಹೆಸರು ಅಲಭ್ಯ ಪ್ರಮಾಣಪತ್ರ. ಪ್ರಮಾಣಪತ್ರ ಇಲ್ಲ ಅನ್ನುವುದಕ್ಕೆ ಒಂದು ಪ್ರಮಾಣಪತ್ರ. ಮೊದಲ ಸಲ ಕೇಳಿದಾಗ ನಾನು ತಮಾಷೆ ಅಂದುಕೊಂಡಿದ್ದೆ.

ಅರ್ಜಿಯಲ್ಲಿ ಸತ್ತ ದಿನಾಂಕ ಬರೆಯಬೇಕು. ಅಮ್ಮನಿಗೆ ಗೊತ್ತಿದ್ದುದು 'ಯುಗಾದಿ ಆಗಿ ಎಂಟು ದಿನಕ್ಕೆ' ಅಂತ. ಚಿಕ್ಕಪ್ಪನಿಗೆ ಗೊತ್ತಿದ್ದುದು 'ಹುಣಸೆಹಣ್ಣು ಬಡಿಯೋ ಕಾಲ' ಅಂತ. ಪಂಚಾಂಗ ಹುಡುಕಿ, ಬೆರಳು ಮಡಿಸಿ ಲೆಕ್ಕ ಹಾಕಿ ಒಂದು ದಿನಾಂಕ ಹಾಕಿದೆವು. ಕೌಂಟರ್‌ನಲ್ಲಿದ್ದವರು ಸಾಕ್ಷಿ ಏನು ಅಂದರು. ಚಿಕ್ಕಪ್ಪ ಮುಗ್ಧವಾಗಿ, 'ವರ್ಷಾ ವರ್ಷಾ ಮಹಾಲಯ ಅಮಾವಾಸ್ಯೆಗೆ ಎಡೆ ಇಡ್ತೀವಲ್ಲ ಸಾರ್' ಅಂದರು. ಹಿಂದಿದ್ದ ಸಾಲಿನಲ್ಲಿ ಯಾರೋ ಗೊಳ್ಳನೆ ನಕ್ಕರು. ಯೋಚನೆ ಮಾಡಿದರೆ ಅದಕ್ಕಿಂತ ಗಟ್ಟಿ ಸಾಕ್ಷಿ ಯಾವುದಿದೆ? 35 ವರ್ಷ ಬಿಡದೆ ಯಾರಾದರೂ ಸುಮ್ನೆ ಎಡೆ ಇಡುತ್ತಾರಾ? ಆದರೆ ಅದಕ್ಕೆ ಸೀಲು ಇಲ್ಲ.

ಆಮೇಲೆ ವಂಶವೃಕ್ಷ. ನಾಡ ಕಚೇರಿಯಲ್ಲಿ ಅರ್ಜಿ, ವಿ.ಎ. ಮಹಜರು, ಆರ್.ಐ. (ಕಂದಾಯ ನಿರೀಕ್ಷಕರ) ವರದಿ, ಉಪ ತಹಶೀಲ್ದಾರರ ಸಹಿ. ತಾತನಿಗೆ ನಾಲ್ಕು ಜನ ಮಕ್ಕಳು. ಅಪ್ಪ, ಚಿಕ್ಕಪ್ಪ, ಇಬ್ಬರು ಅತ್ತೆಯರು. ಹೆಣ್ಣುಮಕ್ಕಳ ಹೆಸರು ಬಿಟ್ಟು ವಂಶವೃಕ್ಷ ಮಾಡಿಸುವ ಚಾಳಿ ನಮ್ಮ ಕಡೆ ಹಳೇದು. ಹಿಂದೂ ಉತ್ತರಾಧಿಕಾರ ಕಾಯ್ದೆಗೆ 1994ರಲ್ಲಿ ಕರ್ನಾಟಕದ ತಿದ್ದುಪಡಿ, 2005ರಲ್ಲಿ ಕೇಂದ್ರದ ತಿದ್ದುಪಡಿ ಬಂದು ಹೆಣ್ಣುಮಕ್ಕಳಿಗೂ ಸಮಪಾಲು ಅಂತ ಆದ ಮೇಲೂ ಆ ಚಾಳಿ ಪೂರ್ತಿ ಹೋಗಿಲ್ಲ. ಹಾಗಾಗಿ ಎಲ್ಲರನ್ನೂ ಕರೆತನ್ನಿ ಅಂತ ಕಚೇರಿ ಹಠ ಹಿಡಿದರೆ ನಾನು ತಪ್ಪು ಅನ್ನುವುದಿಲ್ಲ. ಇಲ್ಲಿ ಮಾತ್ರ ಕಾಗದದ ಹಠ ಯಾರನ್ನೋ ಕಾಯುತ್ತಿದೆ.

ಸಮಸ್ಯೆ ಬೇರೆ. ನಮ್ಮದು ಮೂರು ರಾಜ್ಯ ಸೇರುವ ಜಿಲ್ಲೆ. ದೊಡ್ಡತ್ತೆಯನ್ನು ಕೊಟ್ಟಿದ್ದು ಕುಪ್ಪಂ ಕಡೆಗೆ. ಚಿಕ್ಕತ್ತೆಯನ್ನು ಹೊಸೂರು ಕಡೆಗೆ. ದೊಡ್ಡತ್ತೆಯ ಆಧಾರ್ ತೆಲುಗಿನಲ್ಲಿದೆ, ಚಿಕ್ಕತ್ತೆಯದು ತಮಿಳಿನಲ್ಲಿ. ಒಂದೇ ಹೊಟ್ಟೆಯಲ್ಲಿ ಹುಟ್ಟಿದವರು ಮೂರು ಲಿಪಿಯಲ್ಲಿ ಹಂಚಿಹೋಗಿದ್ದಾರೆ. ಇಂಗ್ಲಿಷ್ ಅಕ್ಷರ ನೋಡಿ ಹೊಂದಿಸೋಣ ಅಂದರೆ ಅಲ್ಲಿ ಅವರ ಅಪ್ಪನ, ಅಂದರೆ ತಾತನ, ಹೆಸರಿನ ಸ್ಪೆಲಿಂಗೂ ಮೂರು ಥರ.

ಇಲ್ಲಿಂದ ಶುರುವಾಯಿತು ನೋಡಿ ಹೆಸರಿನ ಕಾಟ. ತಾತನ ಹೆಸರನ್ನು ಸ್ವಲ್ಪ ಬದಲಿಸಿ ಹೇಳುತ್ತೇನೆ. ಪಹಣಿಯ 9ನೇ ಕಾಲಂನಲ್ಲಿ 'ಮುನಿಶಾಮಿ ಬಿನ್ ಚಿಕ್ಕಮುನಿಯ'. ಅಪ್ಪನ ಎಸ್‌ಎಸ್‌ಎಲ್‌ಸಿ ಅಂಕಪಟ್ಟಿಯಲ್ಲಿ ತಂದೆ ಹೆಸರು 'ಮುನಿಸ್ವಾಮಪ್ಪ'. ಹಳೇ ಓಟರ್ ಲಿಸ್ಟಿನಲ್ಲಿ 'ಮುನಿಶಾಮಪ್ಪ'. ಅತ್ತೆಯ ಕಾರ್ಡಿನಲ್ಲಿ ಇಂಗ್ಲಿಷಿನಿಂದ ತಿರುಗಿ ಬಂದ ಇನ್ನೊಂದು ರೂಪ. ನಾಲ್ಕೂ ಒಬ್ಬರೇ ಅಂತ ಕನ್ನಡ ಬಲ್ಲ ಯಾವ ಮಗುವಾದರೂ ಹೇಳುತ್ತದೆ. ಬರೆಯುವಾಗ ಸ್ವಾಮಿ, ಕೂಗುವಾಗ ಶಾಮಿ. ಚಿಕ್ಕವನಿದ್ದಾಗ ಶಾಮಿ, ಮೀಸೆ ಬಂದ ಮೇಲೆ ಶಾಮಪ್ಪ. ನಮ್ಮ ಕಡೆ ಹೆಸರು ವಯಸ್ಸಿನ ಜೊತೆ ಬೆಳೆಯುತ್ತದೆ. ಕಾಗದದಲ್ಲಿ ಬೆಳೆಯುವ ಹಾಗಿಲ್ಲ.

ಇದು ಬರೀ ಕಾಗುಣಿತದ ವಿಷಯವೂ ಅಲ್ಲ. ಹಳೇ ಕೈಬರಹದ ದಾಖಲೆಗಳನ್ನು ತೆಗೆದು ನೋಡಿ. ಮೇಲ್ಜಾತಿಯವರ ಹೆಸರಿಗೆ ಅಯ್ಯ, ಅಪ್ಪ, ಗೌಡ ಎಲ್ಲ ಸರಿಯಾಗಿ ಅಂಟಿಕೊಂಡಿರುತ್ತದೆ. ದಲಿತರ ಹೆಸರು 'ಮುನಿಗ', 'ತಿಮ್ಮಿಗ' ಅಂತ ಮೊಟಕಾಗಿರುತ್ತದೆ. ಬರೆದವರು ಕರೆಯುತ್ತಿದ್ದ ಹಾಗೆಯೇ ಬರೆದುಕೊಂಡರು. ಇವತ್ತು ಮೊಮ್ಮಗ ಹೋಗಿ ನಮ್ಮ ತಾತ ಮುನಿಯಪ್ಪ ಅಂದರೆ, ಪಹಣಿಯಲ್ಲಿ ಮುನಿಗ ಅಂತಿದೆ, ವ್ಯತ್ಯಾಸ ಇದೆ ಅಂತಾರೆ. ಅವಮಾನ ಮಾಡಿದ್ದು ದಾಖಲೆ. ಸಾಬೀತು ಮಾಡಬೇಕಾದವನು ಮೊಮ್ಮಗ.

ಪರಿಹಾರ ಏನು ಅಂತ ಕೇಳಿದ್ದಕ್ಕೆ ಕೇಸ್ ವರ್ಕರ್ ಒಂದೇ ಮಾತಲ್ಲಿ ಹೇಳಿದರು: 'ಎಲ್ಲಾ ಒಬ್ಬರೇ ಅಂತ ಅಫಿಡವಿಟ್ ಮಾಡಿಸ್ಕೊಂಡು ಬನ್ನಿ.' ಅಫಿಡವಿಟ್‌ಗೆ ಮುಂಚೆ 20 ರೂಪಾಯಿ ಛಾಪಾ ಕಾಗದ ಸಾಕಿತ್ತು. 2024ರಿಂದ 100 ರೂಪಾಯಿ. ತಾಲ್ಲೂಕು ಕಚೇರಿ ಎದುರಿನ ಜೆರಾಕ್ಸ್ ಅಂಗಡಿಯವರ ಕಂಪ್ಯೂಟರ್‌ನಲ್ಲಿ ಮಾದರಿ ಸಿದ್ಧವಾಗಿಯೇ ಇತ್ತು. ಹಳೇ ಗಿರಾಕಿಯ ಹೆಸರು ಅಳಿಸಿ ನಮ್ಮ ತಾತನ ನಾಲ್ಕು ಹೆಸರು ಹಾಕಿದರು. ನೋಟರಿಯವರು ನನ್ನ ಮುಖವನ್ನೂ ಸರಿಯಾಗಿ ನೋಡದೆ ಸಹಿ ಹಾಕಿದರು. ಹತ್ತು ನಿಮಿಷದಲ್ಲಿ ನಾಲ್ಕು ಜನ ತಾತಂದಿರು ಒಬ್ಬರಾದರು. ತಾತ ಸತ್ತಾಗ ನಾನು ಹುಟ್ಟೇ ಇರಲಿಲ್ಲ. ಅವರು ಯಾರು ಅಂತ ಪ್ರಮಾಣ ಮಾಡಿ ಹೇಳಿದವನು ನಾನು. ಆ ಕಾಗದ ನಡೆಯಿತು. ನಡೆದಿದ್ದೇ ನನಗೆ ಆಶ್ಚರ್ಯ.

ಯಾಕೆಂದರೆ ಅದರಿಂದ ಯಾರಿಗೂ ಹೊಸದಾಗಿ ಏನೂ ಗೊತ್ತಾಗಲಿಲ್ಲ. ಮೊದಲು ನಾನು ಬಾಯಲ್ಲಿ ಹೇಳುತ್ತಿದ್ದುದನ್ನೇ 100 ರೂಪಾಯಿ ಕಾಗದದ ಮೇಲೆ ಹೇಳಿದೆ. ಬದಲಾಗಿದ್ದು ಒಂದೇ. ನಾಳೆ ಇದು ಸುಳ್ಳು ಅಂತಾದರೆ ಸಿಕ್ಕಿಬೀಳುವವನು ನಾನು, ಸಹಿ ಹಾಕಿದ ಅಧಿಕಾರಿ ಅಲ್ಲ. ಕಚೇರಿ ಕೇಳುವ ಮುಕ್ಕಾಲು ಪಾಲು ಕಾಗದಗಳ ಗುಟ್ಟು ಇದೇ ಅಂತ ನನಗೆ ಅನ್ನಿಸಿದೆ. ಅವು ನಿಜ ತಿಳಿಯುವುದಕ್ಕಲ್ಲ, ಹೊಣೆಯನ್ನು ಆಚೆ ದಾಟಿಸುವುದಕ್ಕೆ.

ಹೀಗೆ ನೋಡಿದರೆ ಹುಚ್ಚಾಟದಂತೆ ಕಾಣುವುದಕ್ಕೆಲ್ಲ ಒಂದು ಲೆಕ್ಕ ಸಿಗುತ್ತದೆ. ಸಹಿ ಹಾಕುವವರ ಜಾಗದಲ್ಲಿ ಕೂತು ಯೋಚಿಸಿ. ತಪ್ಪು ಖಾತೆಗೆ ಸಹಿ ಬಿದ್ದರೆ ನೋಟಿಸು, ಅಮಾನತು, ಇಲಾಖಾ ವಿಚಾರಣೆ, ನಿವೃತ್ತಿ ಆದ ಮೇಲೂ ಕೋರ್ಟಿಗೆ ಅಲೆದಾಟ. ಬೆಂಗಳೂರಿಗೆ ಹತ್ತಿರವಾಗಿ, ಎಕರೆ ಲೆಕ್ಕ ಹೋಗಿ ಚದರಡಿ ಲೆಕ್ಕ ಬಂದಿರುವ ನಮ್ಮ ಕಡೆ ಸತ್ತವರ ಜಾಗದಲ್ಲಿ ಯಾರನ್ನೋ ನಿಲ್ಲಿಸಿ ಜಮೀನು ಹೊಡೆಯುವವರು ಇದ್ದಾರೆ. ಭಯ ಸುಳ್ಳಲ್ಲ. ಅದೇ ಸಹಿ ಹಾಕದೆ 'ಇನ್ನೊಂದು ದಾಖಲೆ ತನ್ನಿ' ಅಂದರೆ? ಏನೂ ಆಗುವುದಿಲ್ಲ. ಒಂದು ಕುಟುಂಬ ಮೂರು ವರ್ಷ ಅಲೆದರೆ ಅದಕ್ಕೆ ಯಾರ ಸರ್ವಿಸ್ ರಿಜಿಸ್ಟರ್‌ನಲ್ಲೂ ಕೆಂಪು ಗೆರೆ ಬೀಳುವುದಿಲ್ಲ. 'ಆಗಲಿ' ಅನ್ನುವುದರಲ್ಲಿ ಅಪಾಯ, 'ತನ್ನಿ' ಅನ್ನುವುದರಲ್ಲಿ ಅಲ್ಲ. ಬುದ್ಧಿ ಇರುವವರು ಏನು ಹೇಳುತ್ತಾರೆ?

ಲಂಚವೂ ಈ ಸಂದಿಯಲ್ಲೇ ಹುಟ್ಟುತ್ತದೆ. ಲಂಚದಿಂದಲೇ ವಿಳಂಬ ಅಂತ ಎಲ್ಲರೂ ಹೇಳುವುದು. ನನಗೆ ಕಾಣುವುದು ಅದಕ್ಕೆ ತಿರುಗಾಮುರುಗಾ. 'ತನ್ನಿ' ಅನ್ನುವ ಅಧಿಕಾರ ಅಳತೆ ಇಲ್ಲದೆ ಇದ್ದ ಮೇಲೆ, ಅದನ್ನು ನಿಲ್ಲಿಸಲು ಒಂದು ಬೆಲೆ ತಾನಾಗಿಯೇ ಹುಟ್ಟಿಕೊಳ್ಳುತ್ತದೆ. 2018ರಲ್ಲಿ ಭ್ರಷ್ಟಾಚಾರ ತಡೆ ಕಾಯ್ದೆಗೆ ತಿದ್ದುಪಡಿ ಆಯಿತು. ಈಗ ಕೊಟ್ಟವರೂ ಅಪರಾಧಿಯೇ. ಬಲವಂತಕ್ಕೆ ಕೊಟ್ಟಿದ್ದರೆ 7 ದಿನದೊಳಗೆ ದೂರು ಕೊಡಬೇಕು. ಖಾತೆ ಇನ್ನೂ ಅವರ ಟೇಬಲ್ ಮೇಲಿರುವಾಗ ಯಾವ ರೈತ ದೂರು ಕೊಡುತ್ತಾನೆ, ನೀವೇ ಹೇಳಿ.

ಮುಂಚೆ ಹೀಗಿರಲಿಲ್ಲ ಅಂತ ಹಿರಿಯರು ಹೇಳುವುದುಂಟು. ಅರ್ಧ ನಿಜ. ಶಾನುಭೋಗಿಕೆ ವಂಶಪಾರಂಪರ್ಯವಾಗಿದ್ದಾಗ ಊರಿನ ಪ್ರತಿ ಮನೆಯ ಹುಟ್ಟು ಸಾವು ಅವರ ತಲೆಯಲ್ಲಿರುತ್ತಿತ್ತು. ಯಾವ ಮುನಿಶಾಮಿ ಯಾರ ಮಗ ಅಂತ ಅಫಿಡವಿಟ್ ಬೇಕಿರಲಿಲ್ಲ. ಆ ತಿಳಿವಳಿಕೆಯನ್ನು ಅವರು ಏನೇನಕ್ಕೆ ಬಳಸಿಕೊಂಡರು ಅನ್ನುವುದೂ ಊರಿಗೆ ಗೊತ್ತು. ಮುನಿಗ ಅಂತ ಬರೆದ ಲೇಖನಿಯೂ ಅದೇ. 1961ರಲ್ಲಿ ಕಾಯ್ದೆ ಮಾಡಿ, 1963ರಲ್ಲಿ ಆ ಹುದ್ದೆಗಳನ್ನು ತೆಗೆದುಹಾಕಿದ್ದು ಒಳ್ಳೆಯದೇ ಆಯಿತು. ಆದರೆ ಅವರ ಜಾಗಕ್ಕೆ ವರ್ಗಾವಣೆ ಆಗುವ ನೌಕರರು ಬಂದರು. ಇವತ್ತು ಇಲ್ಲಿ, ಎರಡು ವರ್ಷಕ್ಕೆ ಇನ್ನೊಂದು ಹೋಬಳಿ. ಅವರಿಗೆ ನಮ್ಮ ಮುಖ ಗೊತ್ತಿಲ್ಲ. ಮುಖಪರಿಚಯ ಹೋದ ಜಾಗದಲ್ಲಿ ಕಾಗದ ಬಂದು ಕೂತಿತು.

ಆಮೇಲೆ ಕಂಪ್ಯೂಟರ್ ಬಂತು. ಕರ್ನಾಟಕದ 'ಭೂಮಿ' ಯೋಜನೆ ದೇಶಕ್ಕೇ ಮಾದರಿ ಅನ್ನಿಸಿಕೊಂಡಿದ್ದು ಸುಮ್ಮನೆ ಅಲ್ಲ. 2000ದ ಆಸುಪಾಸಿನಲ್ಲಿ ಸುಮಾರು 67 ಲಕ್ಷ ರೈತರ 2 ಕೋಟಿಯಷ್ಟು ಪಹಣಿಗಳನ್ನು ಕಂಪ್ಯೂಟರ್‌ಗೆ ಹತ್ತಿಸಿದರು. ಕೈಬರಹದ ಪಹಣಿ ನಿಂತೇ ಹೋಯಿತು. ಪಹಣಿಗಾಗಿ ಲೆಕ್ಕಿಗರ ಮನೆ ಬಾಗಿಲು ಕಾಯುವುದು ತಪ್ಪಿತು. ಇದನ್ನು ಅನುಭವಿಸಿದವರಿಗೇ ಗೊತ್ತು ಅದೆಷ್ಟು ದೊಡ್ಡ ಬಿಡುಗಡೆ ಅಂತ. ಖಾತೆ ಬದಲಾವಣೆಗೂ ಒಂದು ಒಳ್ಳೇ ನಿಯಮ ಇಟ್ಟರು. ಮೊದಲು ಬಂದ ಅರ್ಜಿ ಮೊದಲು. ನಡುವೆ ಯಾರದನ್ನೋ ತೂರಿಸಲು ಸಾಫ್ಟ್‌ವೇರ್ ಬಿಡುವುದಿಲ್ಲ.

ಸಾಲು ಮುರಿಯದ ಹಾಗೆ ಕಂಪ್ಯೂಟರ್ ಕಾಯುತ್ತದೆ. ಸಾಲಿಗೆ ಸೇರಿಸುವುದು ಮಾತ್ರ ಮನುಷ್ಯರ ಕೈಲೇ ಉಳಿಯಿತು. 'ಇದು ಸರಿ ಇಲ್ಲ, ಸರಿ ಮಾಡಿಸ್ಕೊಂಡು ಬನ್ನಿ' ಅಂದು ಅರ್ಜಿಯನ್ನು ತೆಗೆದುಕೊಳ್ಳದೇ ಇದ್ದರೆ ಯಾವ ಸಾಫ್ಟ್‌ವೇರಿಗೂ ಅದು ಕಾಣುವುದಿಲ್ಲ. ಜೊತೆಗೆ, ಆಗ ಹಳೇ ಕೈಬರಹ ನೋಡಿ ಟೈಪ್ ಮಾಡುವಾಗ ನುಸುಳಿದ ತಪ್ಪುಗಳು ಅಲ್ಲೇ ಗಟ್ಟಿಯಾದವು. ಕಾಗದದ ತಪ್ಪನ್ನು ಶಾನುಭೋಗರು ಒಂದು ಗೀಟು ಎಳೆದು ತಿದ್ದುತ್ತಿದ್ದರು. ಕಂಪ್ಯೂಟರಿನ ತಪ್ಪಿಗೆ ತಹಶೀಲ್ದಾರರ ಆದೇಶ ಬೇಕು, ಕೆಲವಕ್ಕೆ ಎ.ಸಿ. ಕಚೇರಿಯ ಮೇಲ್ಮನವಿ ಬೇಕು. ಇಲಾಖೆ ಟೈಪ್ ಮಾಡಿದ ತಪ್ಪು ಅಕ್ಷರಕ್ಕೆ ನಾವು ವಕೀಲರನ್ನು ಇಡಬೇಕು. 3ನೇ ಕಾಲಂನ ವಿಸ್ತೀರ್ಣಕ್ಕೂ 9ನೇ ಕಾಲಂನಲ್ಲಿರುವ ಹೆಸರುಗಳ ಪಾಲಿಗೂ ತಾಳೆಯಾಗದ ಪಹಣಿಗಳ ಕಥೆಯೂ ಇಂಥದ್ದೇ, ಅದನ್ನು ಬರೆಯಲು ಇನ್ನೊಂದು ಲೇಖನ ಬೇಕು.

ಮಾತು ಮಾತ್ರ ಹೊಸದಾಯಿತು. ಮುಂಚೆ 'ಫೈಲು ಸಾಹೇಬ್ರ ಟೇಬಲ್ ಮೇಲಿದೆ' ಅನ್ನುತ್ತಿದ್ದರು. ಈಗ 'ಸಾಹೇಬ್ರ ಲಾಗಿನ್‌ಗೆ ಹೋಗಿದೆ' ಅಂತಾರೆ. ಟೇಬಲ್ ಆದರೆ ಕಿಟಕಿಯಲ್ಲಿ ಬಗ್ಗಿ ನೋಡಬಹುದಿತ್ತು.

ಇದನ್ನೆಲ್ಲ ಕಟ್ಟಿಹಾಕಲು ಒಂದು ಕಾನೂನೂ ಬಂತು. ಸಕಾಲ. 2011ರ ಕಾಯ್ದೆ, 2012ರ ಏಪ್ರಿಲ್‌ನಿಂದ ರಾಜ್ಯಪೂರ್ತಿ ಜಾರಿ. 'ಇಂದು, ನಾಳೆ ಇನ್ನಿಲ್ಲ, ಹೇಳಿದ ದಿನ ತಪ್ಪೊಲ್ಲ' ಅನ್ನುವ ಬೋರ್ಡು ನೆನಪಿರಬೇಕು. ಅರ್ಜಿ ಹಾಕಿದರೆ ಸಂಖ್ಯೆ ಕೊಡಬೇಕು, ಗಡುವಿನೊಳಗೆ ಕೆಲಸ ಮಾಡಬೇಕು. ತಡವಾದರೆ ದಿನಕ್ಕೆ 20 ರೂಪಾಯಿ, ಹೆಚ್ಚೆಂದರೆ 500 ರೂಪಾಯಿ ಅರ್ಜಿದಾರರಿಗೆ ಪರಿಹಾರ. ಒಳ್ಳೇ ಕಾನೂನು, ಅದರಲ್ಲಿ ಎರಡು ಮಾತಿಲ್ಲ. ಆದರೆ ನಮ್ಮೂರಿಂದ ತಾಲ್ಲೂಕು ಕೇಂದ್ರಕ್ಕೆ ಹೋಗಿ ಬರುವ ಬಸ್ ಚಾರ್ಜು, ಒಂದು ದಿನದ ಕೂಲಿ ಸೇರಿಸಿದರೆ ಒಂದೇ ಓಡಾಟಕ್ಕೆ ಆ 500 ಖಾಲಿ. ಆ 20 ರೂಪಾಯಿ ಲೆಕ್ಕ ಹಾಕಿ ವಸೂಲಿ ಮಾಡಿದ ಒಬ್ಬರನ್ನೂ ನಾನು ಇನ್ನೂ ಕಂಡಿಲ್ಲ.

ಅದಕ್ಕಿಂತ ಮುಖ್ಯ, ಗಡಿಯಾರ ಶುರುವಾಗುವುದು ಅರ್ಜಿ ಸ್ವೀಕಾರವಾದ ಮೇಲೆ. ನಿಲ್ಲುವುದು ಅರ್ಜಿ ವಿಲೇವಾರಿ ಆದಾಗ. ಈ ವಿಲೇವಾರಿ ಅನ್ನುವ ಪದವನ್ನು ಒಮ್ಮೆ ಬಾಯಲ್ಲಿ ಇಟ್ಟುಕೊಂಡು ನೋಡಿ. ಕೆಲಸ ಮಾಡಿಕೊಟ್ಟರೂ ವಿಲೇವಾರಿ, ತಿರಸ್ಕರಿಸಿದರೂ ವಿಲೇವಾರಿ. ಕಸಕ್ಕೂ ಅದೇ ಪದ. ನಮ್ಮ ವಂಶವೃಕ್ಷದ ಅರ್ಜಿ ಗಡುವು ಮುಗಿಯುವ ಹಿಂದಿನ ದಿನ ವಿಲೇವಾರಿ ಆಯಿತು. ಕಾರಣದ ಜಾಗದಲ್ಲಿ ಎರಡೇ ಪದ: 'ದಾಖಲೆ ಸಾಲದು.' ಯಾವ ದಾಖಲೆ ಅಂತ ಇಲ್ಲ. ಅಂಕಿಅಂಶದ ಪಟ್ಟಿಯಲ್ಲಿ ಆ ಕಚೇರಿಗೆ ಅದು ಹೊತ್ತಿಗೆ ಸರಿಯಾಗಿ ಮುಗಿದ ಕೆಲಸ. ನಮಗೆ ಮತ್ತೆ ಮೊದಲಿನಿಂದ.

ಎರಡನೇ ಸಲ ನಾನು ಸ್ವಲ್ಪ ಬುದ್ಧಿ ಕಲಿತಿದ್ದೆ. ಇದು ಉಪಯೋಗಕ್ಕೆ ಬರುವ ಮಾತು ಅಂತ ಬರೆಯುತ್ತಿದ್ದೇನೆ. ಕೌಂಟರ್‌ನಲ್ಲಿ 'ಇದು ಆಗಲ್ಲ' ಅಂದರೆ ಜಗಳ ಮಾಡಬೇಡಿ. 'ಆಗಲಿ ಸಾರ್, ಅದನ್ನೇ ಒಂದು ಹಿಂಬರಹದಲ್ಲಿ ಕೊಟ್ಬಿಡಿ' ಅನ್ನಿ. ಹಿಂಬರಹ ಅನ್ನುವ ಪದಕ್ಕೆ ಕಚೇರಿಯಲ್ಲಿ ಒಂದು ತೂಕ ಇದೆ. ಯಾಕೆಂದರೆ 'ಆಗಲ್ಲ' ಅನ್ನುವುದನ್ನೂ ಬರೆದು ಸಹಿ ಹಾಕಿದರೆ ಅದೂ ಹೊಣೆಯೇ. ಅದರ ಮೇಲೆ ಮೇಲ್ಮನವಿ ಹಾಕಬಹುದು. ನನಗೆ ಹಿಂಬರಹ ಕೊಡಲಿಲ್ಲ, ಅರ್ಜಿ ತೆಗೆದುಕೊಂಡರು. ಇನ್ನೊಂದು ದಾರಿ 10 ರೂಪಾಯಿಯ ಮಾಹಿತಿ ಹಕ್ಕು ಅರ್ಜಿ. ನನ್ನ ಅರ್ಜಿ ಯಾವ ದಿನ ಯಾರ ಹತ್ತಿರ ಇತ್ತು, ಟಿಪ್ಪಣಿ ಹಾಳೆಯ ನಕಲು ಕೊಡಿ ಅಂತ ಮಾತ್ರ ಕೇಳಬೇಕು. ಯಾಕೆ ತಡ ಅಂತ ಕೇಳಿದರೆ ಉತ್ತರ ಬರುವುದಿಲ್ಲ. 2005ರ ಆ ಕಾಯ್ದೆ ದಾಖಲೆ ಕೊಡಿಸುತ್ತದೆ, ಕಾರಣ ಅಲ್ಲ. 30 ದಿನಕ್ಕೆ 'ಕಡತ ಲಭ್ಯವಿಲ್ಲ' ಅಂತ ಬರುವುದೂ ಉಂಟು. ಪಕ್ಕದ ಚಿಕ್ಕಬಳ್ಳಾಪುರದಲ್ಲಿರುವ ನನ್ನ ಭಾವನಿಗೆ ಹಾಗೇ ಬಂತು. ಅವರಿಗೆ ಬೇಕಿದ್ದುದು 1990ರ ದಶಕದ ಒಂದು ಆದೇಶ. ಆಗ ಚಿಕ್ಕಬಳ್ಳಾಪುರ ಕೋಲಾರ ಜಿಲ್ಲೆಯಲ್ಲೇ ಇತ್ತು, ಬೇರೆ ಜಿಲ್ಲೆ ಆಗಿದ್ದು 2007ರಲ್ಲಿ. ಇಲ್ಲಿ ಕೇಳಿದರೆ ಅಲ್ಲಿದೆ ಅಂದರು, ಅಲ್ಲಿ ಕೇಳಿದರೆ ಇಲ್ಲಿಗೆ ಕಳಿಸಿದ್ದೇವೆ ಅಂದರು. ಜಿಲ್ಲೆ ಎರಡಾಯಿತು, ಕಡತ ಮಾತ್ರ ಇನ್ನೂ ದಾರಿಯಲ್ಲೇ ಇದೆ.

ವಿ.ಎ.ಗಳ ಕಡೆಯ ಮಾತು ಹೇಳದಿದ್ದರೆ ಅನ್ಯಾಯ ಆಗುತ್ತದೆ. 2024ರಲ್ಲಿ ರಾಜ್ಯದ ಗ್ರಾಮ ಆಡಳಿತಾಧಿಕಾರಿಗಳು ಮುಷ್ಕರ ಮಾಡಿದರು, 2025ರ ಫೆಬ್ರವರಿಯಲ್ಲಿ ಮತ್ತೆ ಕೂತರು. ಅವರ ದೊಡ್ಡ ದೂರು ಆಪ್‌ಗಳದ್ದು. ಆಧಾರ್ ಜೋಡಣೆಗೆ ಒಂದು, ಬೆಳೆ ವಿವರಕ್ಕೆ ಒಂದು, ಪಿಂಚಣಿಗೆ ಒಂದು, ಸರ್ಕಾರಿ ಜಮೀನಿಗೆ ಒಂದು, ಹೀಗೆ ಹನುಮಂತನ ಬಾಲ. ಕೂರಲು ಸರಿಯಾದ ಕುರ್ಚಿ ಇಲ್ಲ, ಕೊಟ್ಟ ಫೋನು ಓಡುವುದಿಲ್ಲ. ಬೆಳಗ್ಗೆ ವಾಟ್ಸಾಪ್ ಗುಂಪಿನಲ್ಲಿ ಮೇಲಿನವರ ಮೆಸೇಜು: ಇವತ್ತು ಸಂಜೆಯೊಳಗೆ ಇಷ್ಟು ಆಗಬೇಕು. ನಮ್ಮ ಜಗಲಿ ಮೇಲೆ ಕೂತಿದ್ದವರು ಕಾಫಿ ಕುಡಿಯುತ್ತಾ ಹೇಳಿದ್ದು ನೆನಪಿದೆ: 'ನಮಗೂ ಗೊತ್ತು ಸಾರ್ ನಿಮ್ಮ ತಾತ ಇಲ್ಲ ಅಂತ. ಗೊತ್ತಿದ್ರೆ ಏನ್ ಮಾಡ್ಲಿ, ಗೊತ್ತಿದೆ ಅಂತ ಪಹಣಿ ಬದಲಿಸೋಕೆ ಬಟನ್ ಇಲ್ಲ.'

ಇ-ಪೌತಿ ಆಂದೋಲನದಲ್ಲಿ ಆ ಬಟನ್ ಬಂದಿದೆ ಅನ್ನಬಹುದು. ವಿ.ಎ.ಗಳೇ ಮನೆಗೆ ಬಂದು, ವಾರಸುದಾರರ ಆಧಾರ್ ಪರಿಶೀಲಿಸಿ ಅಲ್ಲಿಂದಲೇ ಖಾತೆ ಕೆಲಸ ಶುರು ಮಾಡುವ ವ್ಯವಸ್ಥೆ. ತಕರಾರಿಲ್ಲದ ಮನೆಗಳಿಗೆ ಇದರಿಂದ ಉಪಕಾರ ಆಗುತ್ತದೆ, ನಮ್ಮೂರಲ್ಲೇ ಆಗಿದೆ. ಆದರೆ ಒಬ್ಬ ತಂಗಿ ಒಪ್ಪದಿದ್ದರೆ, ಒಬ್ಬ ಅಣ್ಣ ಫೋನ್ ಎತ್ತದಿದ್ದರೆ ಅಲ್ಲಿಗೆ ನಿಲ್ಲುತ್ತದೆ, ಆರ್.ಆರ್.ಟಿ. ಅನ್ನುವ ತಕರಾರು ಕೇಸಾಗಿ ತಹಶೀಲ್ದಾರರ ಮುಂದೆ ಹೋಗುತ್ತದೆ. ನನಗೆ ಅರ್ಥವಾಗದ್ದು ಬೇರೆ. ಇವತ್ತು ಸಾಯುವವರ ಮರಣ ನೋಂದಣಿ ಸರ್ಕಾರದ 'ಇ-ಜನ್ಮ' ಸಾಫ್ಟ್‌ವೇರ್‌ನಲ್ಲೇ ಆಗುತ್ತದೆ. ಪಹಣಿ ಸರ್ಕಾರದ 'ಭೂಮಿ' ಸಾಫ್ಟ್‌ವೇರ್‌ನಲ್ಲಿದೆ. ವಂಶವೃಕ್ಷ ಕೊಡುವುದು ಸರ್ಕಾರದ ನಾಡ ಕಚೇರಿ. ಅಪ್ಪನ ಪಿಂಚಣಿ ನಿಲ್ಲಿಸಲು ಒಂದು ಕಂಪ್ಯೂಟರ್ ಇನ್ನೊಂದಕ್ಕೆ ಸುದ್ದಿ ಹೇಳಿತಲ್ಲ, ಅದೇ ದಾರಿಯಲ್ಲಿ ಪಹಣಿಗೂ ಹೇಳಲು ಏನು ಅಡ್ಡಿ? ಸತ್ತ ದಿನವೇ ಪೌತಿ ಅರ್ಜಿ ತಾನಾಗಿ ಹುಟ್ಟಿಕೊಂಡರೆ, ಮುಂದಿನ ತಲೆಮಾರಿಗೆ ಇಂಥ ಪಹಣಿ ಉಳಿಯುವುದೇ ಇಲ್ಲ. ಈಗ ಇರುವ ವ್ಯವಸ್ಥೆಯಲ್ಲಿ ಸರ್ಕಾರದ ಒಂದು ಕಚೇರಿಯ ಕಾಗದವನ್ನು ಇನ್ನೊಂದು ಕಚೇರಿಗೆ ಮುಟ್ಟಿಸುವ ಪೋಸ್ಟ್‌ಮ್ಯಾನ್ ಕೆಲಸ ನಮ್ಮದು. ಸಂಬಳ ನಾವೇ ಕೊಟ್ಟುಕೊಳ್ಳಬೇಕು.

ನಮ್ಮ ಪಹಣಿ ಬಂತು. ಒಂದು ವರ್ಷ ಎಂಟು ತಿಂಗಳು ಹಿಡಿಯಿತು. ತಾತನ ಹೆಸರು ಹೋಗಿ ಅಮ್ಮ, ನಾನು, ಚಿಕ್ಕಪ್ಪ, ಇಬ್ಬರು ಅತ್ತೆಯರು, ಎಲ್ಲರೂ ಜಂಟಿಯಾಗಿ ಕೂತಿದ್ದೇವೆ. ಎರಡು ಎಕರೆ ಹದಿನಾಲ್ಕು ಗುಂಟೆಗೆ ಐದು ಹೆಸರು. ಭಾಗ ಮಾಡಿಕೊಳ್ಳಬೇಕಾದರೆ 11ಇ ನಕ್ಷೆ, ಸರ್ವೆ, ಪೋಡಿ. ಅದು ಇನ್ನೊಂದು ದಿನದ ಮಾತು. ಅಮ್ಮನಿಗೆ ಪಹಣಿ ತೋರಿಸಿದೆ. ಕನ್ನಡಕ ಹಾಕಿಕೊಂಡು ತಮ್ಮ ಹೆಸರಿನ ಮೇಲೆ ಬೆರಳಿಟ್ಟು, ಆಮೇಲೆ ಕೇಳಿದರು: 'ಬೋರ್‌ವೆಲ್ ಕರೆಂಟಿನದು ಯಾರ ಹೆಸರಲ್ಲಿ ಐತೆ?'

ಬಿಲ್ಲು ತೆಗೆದು ನೋಡಿದೆ. ಕರೆಂಟ್ ಸಂಪರ್ಕದ ಆರ್.ಆರ್. ನಂಬರ್ ತಾತನ ಹೆಸರಲ್ಲಿದೆ. ಇಲ್ಲಿ 'ಮುನಿಸಾಮಿ'. ಇದು ಐದನೆಯದು.

ಮಾರನೇ ದಿನ ಅದೇ ಜೆರಾಕ್ಸ್ ಅಂಗಡಿಗೆ ಹೋದೆ. ಮರಣ ಪ್ರಮಾಣಪತ್ರ, ವಂಶವೃಕ್ಷ, ಅಫಿಡವಿಟ್, ಹೊಸ ಪಹಣಿ. ಫೋಲ್ಡರ್ ನೋಡಿಯೇ ಅವರಿಗೆ ಗುರುತು ಸಿಕ್ಕಿತು. ಎರಡು ಸೆಟ್ ಮಾಡಿ ಅಂದೆ. 'ಐದು ಇರ್ಲಿ ಬಿಡಿ ಸಾರ್' ಅಂತ ಹೇಳಿ ಅವರು ಆಗಲೇ ಮೆಷಿನ್ ಒತ್ತಿದ್ದರು.